ತಡ ಯಾರದು?



ಬೆಳೆ ಸಾಲಕ್ಕೆಂದು ರೈತರೊಬ್ಬರು ನಾಡಕಚೇರಿಗೆ ಹೋಗಿ ಪಹಣಿ ತೆಗೆಸುತ್ತಾರೆ ಎಂದುಕೊಳ್ಳಿ. 9ನೇ ಕಾಲಂನಲ್ಲಿ ತೀರಿಕೊಂಡ ಅಪ್ಪನ ಹೆಸರು ಹಾಗೇ ಇದೆ, ಪೌತಿ ಖಾತೆ ಆಗಿಲ್ಲ. 11ನೇ ಕಾಲಂಗೆ ಬಂದರೆ ಅಲ್ಲಿ ಹೊಸದೊಂದು ಸಾಲು: ಜಮೀನು ಭೂಸ್ವಾಧೀನಕ್ಕೆ ಒಳಪಟ್ಟಿದೆ. ಯಾವಾಗ ಒಳಪಟ್ಟಿತು, ಯಾರಿಗೆ ತಿಳಿಸಿದರು? ವಿಚಾರಿಸಿದರೆ ನೋಟಿಸು ಹೊರಟದ್ದು ನಿಜ, ಅದು ಅಪ್ಪನ ಹೆಸರಿಗೆ. ರಾಜ್ಯಪತ್ರದಲ್ಲೂ ಅಧಿಸೂಚನೆ ಅಚ್ಚಾಗಿದೆ. ಗಾಬರಿಯಿಂದ ವಕೀಲರ ಹತ್ತಿರ ಹೋದಾಗ ಅವರು ಮೊದಲು ಕೇಳುವುದು ಒಂದೇ ಮಾತು, "ಅಧಿಸೂಚನೆ ಆಗಿ ಎಷ್ಟು ವರ್ಷವಾಯಿತು?"

ಈ ಪ್ರಶ್ನೆ ಅಷ್ಟು ಮುಖ್ಯ ಏಕೆ ಎಂಬುದೇ ಇಂದಿನ ಮಾತು.

ಸ್ವಾಧೀನವನ್ನು ಪ್ರಶ್ನಿಸಿ ಹೈಕೋರ್ಟಿಗೆ ಹಾಕುವ ರಿಟ್ ಅರ್ಜಿಗೆ ಇಂತಿಷ್ಟೇ ದಿನ ಎಂಬ ಗಡುವಿಲ್ಲ. ಆದರೂ ಬಹಳ ತಡಮಾಡಿ ಬಂದವರ ಅರ್ಜಿಯನ್ನು ನ್ಯಾಯಾಲಯ ಅಷ್ಟರಿಂದಲೇ ತಳ್ಳಿಹಾಕಬಹುದು. ದೆಹಲಿಯಲ್ಲಿ ನಗರದ ಯೋಜಿತ ಬೆಳವಣಿಗೆಗೆಂದು 1959ರ ನವೆಂಬರಿನಲ್ಲಿ 34,000 ಎಕರೆಗೂ ಹೆಚ್ಚು ಭೂಮಿಗೆ ಅಧಿಸೂಚನೆ ಹೊರಟಿತು. ಕೆಲವು ಮಾಲೀಕರು ಅದನ್ನು ಪ್ರಶ್ನಿಸಿದ್ದು 1972ರಲ್ಲಿ. ಎಲ್ಲ ಹಂತ ಮುಗಿಯುವವರೆಗೂ ಸುಮ್ಮನಿದ್ದು, ಈಗ ಮೊದಲ ಅಧಿಸೂಚನೆಯೇ ಸರಿಯಿಲ್ಲ ಎಂದರೆ ಕೇಳಲಾಗದು ಎಂದು 1974ರಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಹೇಳಿತು. ಇಂದಿಗೂ ಸರ್ಕಾರದ ಪರ ವಕೀಲರು ಆ ತೀರ್ಪನ್ನು ಎತ್ತಿ ಹೇಳುತ್ತಾರೆ.

ಈ ನಿಯಮದಲ್ಲಿ ನ್ಯಾಯವಿಲ್ಲ ಎಂದು ನಾನು ಹೇಳುವುದಿಲ್ಲ. ನಿವೇಶನ ಹಂಚಿ, ಸಾಲ ಸೋಲ ಮಾಡಿ ಜನ ಮನೆ ಕಟ್ಟಿಕೊಂಡ ಮೇಲೆ ಅವರನ್ನು ಎಬ್ಬಿಸುವುದು ಹೇಗೆ? ಆದರೆ ತಿಳಿದೂ ಸುಮ್ಮನಿದ್ದವರು ಬೇರೆ, ತಿಳಿಯದೇ ಉಳಿದವರು ಬೇರೆ. ಇಬ್ಬರನ್ನೂ ಒಂದೇ ಅಳತೆಯಲ್ಲಿ ಅಳೆದರೆ ಅನ್ಯಾಯವಾಗುತ್ತದೆ.

ಹಿಮಾಚಲ ಪ್ರದೇಶದ ಹಮೀರ್‌ಪುರ ಜಿಲ್ಲೆಯಲ್ಲಿ 1967-68ರ ಹೊತ್ತಿಗೆ ಒಬ್ಬ ಹೆಣ್ಣುಮಗಳ ಜಮೀನಿನಲ್ಲಿ ಸರ್ಕಾರ ರಸ್ತೆ ಮಾಡಿತು. ಅಧಿಸೂಚನೆಯಿಲ್ಲ, ಪರಿಹಾರವಿಲ್ಲ. ಆಕೆಗೆ ಓದು ಬರಹ ಬರುತ್ತಿರಲಿಲ್ಲ. ಅಕ್ಕಪಕ್ಕದ ಜಮೀನಿನವರು ನ್ಯಾಯಾಲಯಕ್ಕೆ ಹೋಗಿ ಗೆದ್ದ ಮೇಲೆ, 2010ರಲ್ಲಿ ಆಕೆಯೂ ಹೋದರು. ಸರ್ಕಾರದ ಉತ್ತರ ಕೇಳಿ: ನೀವು ತಡಮಾಡಿದಿರಿ, ಅಲ್ಲದೆ ಇಷ್ಟು ವರ್ಷ ನಾವೇ ಅನುಭವದಲ್ಲಿ ಇರುವುದರಿಂದ ಜಮೀನು ನಮ್ಮದೇ ಆಯಿತು! ಈ ವಾದ ಓದಿದಾಗ ನನಗೆ ನಿಜಕ್ಕೂ ಸಿಟ್ಟು ಬಂತು. 2020ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಎರಡನ್ನೂ ತಳ್ಳಿಹಾಕಿತು. ಪರಿಹಾರ ಕೊಡದಿರುವ ತಪ್ಪು ದಿನದಿನವೂ ಮುಂದುವರಿಯುತ್ತಿರುವಾಗ ತಡದ ಮಾತು ಎಲ್ಲಿಂದ ಬಂತು? ಪ್ರಜೆಯ ಆಸ್ತಿಯನ್ನು ಅನುಭವದ ಬಲದಿಂದ ದಕ್ಕಿಸಿಕೊಳ್ಳಲು ಸರ್ಕಾರಕ್ಕೆ ಬಿಡಲಾಗದು ಎಂದಿತು. ಅಷ್ಟರಲ್ಲಿ ಆ ತಾಯಿಗೆ ಸುಮಾರು 80 ವರ್ಷ.

ಸರ್ಕಾರವೇ ತಡಮಾಡಿದರೆ ಏನಾಗುತ್ತದೆ? ಇದಕ್ಕೆ ನಮ್ಮಲ್ಲೇ ಉದಾಹರಣೆ ಇದೆ. ಬೆಂಗಳೂರು-ಮೈಸೂರು ಮೂಲಸೌಕರ್ಯ ಕಾರಿಡಾರಿಗೆ 2003ರಲ್ಲಿ ಅಧಿಸೂಚನೆಯಾಗಿ, 2005ರಲ್ಲಿ ಜಮೀನು ವಶಕ್ಕೆ ಹೋಯಿತು. ಕೆಲವು ಮಾಲೀಕರಿಗೆ ಪರಿಹಾರದ ಐತೀರ್ಪು ಬಂದದ್ದು 2019ರಲ್ಲಿ, ಅದೂ ನ್ಯಾಯಾಂಗ ನಿಂದನೆಯ ಅರ್ಜಿ ಹಾಕಿದ ಮೇಲೆ. ಈ ಸ್ವಾಧೀನ ನಡೆದದ್ದು ಕೈಗಾರಿಕಾ ಪ್ರದೇಶಾಭಿವೃದ್ಧಿ ಕಾಯ್ದೆಯಡಿ; ಅದರಲ್ಲಿ ಐತೀರ್ಪಿಗೆ ಗಡುವೇ ಇಲ್ಲ. 2003ರ ದರಕ್ಕೆ ಜಮೀನು ಬಿಟ್ಟು ಕೊಡಿ ಎಂದರೆ ಆ ಹಣಕ್ಕೆ ಈಗ ಅಂಥದೇ ಜಮೀನು ಎಲ್ಲಿ ಸಿಗುತ್ತದೆ? 2025ರ ಜನವರಿ 2ರಂದು ಸುಪ್ರೀಂ ಕೋರ್ಟ್ ತನ್ನ ವಿಶೇಷಾಧಿಕಾರ ಬಳಸಿ, 2019ರ ಏಪ್ರಿಲ್ 22ರ ಮಾರುಕಟ್ಟೆ ಬೆಲೆಯಂತೆ ಪರಿಹಾರ ಲೆಕ್ಕ ಹಾಕಲು ಆದೇಶಿಸಿತು. ಇಂಥ ನ್ಯಾಯಕ್ಕೆ ಪ್ರತಿಯೊಬ್ಬ ರೈತನೂ ದೆಹಲಿಯವರೆಗೆ ಹೋಗಬೇಕಾಗಿ ಬರಬಾರದು. ಎಲ್ಲ ಸ್ವಾಧೀನ ಕಾಯ್ದೆಗಳಲ್ಲೂ ಸರ್ಕಾರದ ಕೈಕಟ್ಟುವ ಗಡುವು ಇರಲೇಬೇಕು ಎಂಬುದು ನನ್ನ ಖಚಿತ ಅಭಿಪ್ರಾಯ. 2013ರ ಕೇಂದ್ರ ಕಾಯ್ದೆ ಇದನ್ನು ಮಾಡಿದೆ: ಅಂತಿಮ ಘೋಷಣೆಯಾದ 12 ತಿಂಗಳೊಳಗೆ ಐತೀರ್ಪು ಬರಬೇಕು; ಗಡುವು ವಿಸ್ತರಣೆಯಾಗದೆ ಹಾಗೇ ಕಳೆದರೆ ಇಡೀ ಸ್ವಾಧೀನವೇ ಬಿದ್ದುಹೋಗುತ್ತದೆ.

ಎಲ್ಲ ಕಾಯ್ದೆಗಳಲ್ಲೂ ಅಂಥ ಗಡುವು ಬರುವವರೆಗೆ ನಾವು ಮಾಡಬಹುದಾದದ್ದೂ ಇದೆ. ಹಿರಿಯರು ತೀರಿಕೊಂಡಿದ್ದರೆ ಪೌತಿ ಖಾತೆಗೆ ಅರ್ಜಿ ಕೊಡಿ. ಇಲಾಖೆ ನೋಟಿಸು ಕಳಿಸುವುದು ದಾಖಲೆಯಲ್ಲಿರುವ ಹೆಸರಿಗೇ. ವರ್ಷಕ್ಕೊಮ್ಮೆಯಾದರೂ ಪಹಣಿ ತೆಗೆಸಿ 11ನೇ ಕಾಲಂ ನೋಡಿ. ಪ್ರಾಥಮಿಕ ಅಧಿಸೂಚನೆ ಬಂದರೆ ಆಕ್ಷೇಪಣೆಗೆ 2013ರ ಕಾಯ್ದೆಯಲ್ಲಿ 60 ದಿನವಿದೆ. ಕೈಗಾರಿಕಾ ಪ್ರದೇಶಾಭಿವೃದ್ಧಿ ಕಾಯ್ದೆಯ ನೋಟಿಸಿಗೆ ಉತ್ತರ ಕೊಡಲು 30 ದಿನ. ಬಾಯಿಮಾತಿನಲ್ಲಿ ಸಾಹೇಬರಿಗೆ ಹೇಳಿ ಬಂದರೆ ಅದಕ್ಕೆ ದಾಖಲೆ ಇರುವುದಿಲ್ಲ. ಬರೆದು ಕೊಡಿ. ನಕಲು ಪ್ರತಿಯ ಮೇಲೆ ಕಚೇರಿಯ ಮೊಹರು, ತಾರೀಖು ಹಾಕಿಸಿಕೊಂಡು ಪಹಣಿಯ ಜೊತೆಗೇ ಎತ್ತಿಡಿ. ಮುಂದೆಂದಾದರೂ ತಡದ ಪ್ರಶ್ನೆ ಎದ್ದಾಗ ನ್ಯಾಯಾಧೀಶರ ಮುಂದಿಡಲು ಬೇಕಾಗುವುದು ಆ ತಾರೀಖೇ.