ಡ್ರಾಕುಲ ಇಲ್ಲೇಕೆ ನಿಲ್ಲಲಿಲ್ಲ?



ಬ್ರಾಮ್ ಸ್ಟೋಕರ್ ಬರೆದ, 1897ರಲ್ಲಿ ಪ್ರಕಟವಾದ ಕಾದಂಬರಿಯ ಡ್ರಾಕುಲ ಹಗಲಲ್ಲೂ ಲಂಡನ್ನಿನಲ್ಲಿ ಓಡಾಡುತ್ತಾನೆ. ಬಿಸಿಲು ತಾಗಿದರೆ ರಕ್ತಪಿಶಾಚಿ ಸಾಯುತ್ತದೆ ಎಂಬುದು ಸಿನಿಮಾದವರು ಸೇರಿಸಿದ್ದು. 1922ರ ಜರ್ಮನ್ ಮೂಕಿಚಿತ್ರ 'ನೊಸ್ಫೆರಾಟು'ವಿನಿಂದ ಬಂದದ್ದು. ಕಾದಂಬರಿಯ ಹಕ್ಕು ಪಡೆಯದೆ ಆ ಚಿತ್ರ ತೆಗೆದರೆಂದು ಸ್ಟೋಕರ್ ಅವರ ಪತ್ನಿ ದಾವೆ ಹೂಡಿ ಗೆದ್ದರು, ಪ್ರತಿಗಳನ್ನು ನಾಶಮಾಡಲು ಕೋರ್ಟು ಹೇಳಿತು. ಹೇಗೋ ಕೆಲವು ಉಳಿದವು. ಡ್ರಾಕುಲನಾಗಿ ಬೇಲಾ ಲುಗೋಸಿ, ಕ್ರಿಸ್ಟೋಫರ್ ಲೀ ಆಮೇಲೆ ಬಂದರು. ಹಿಂದಿಯಲ್ಲಿ ರಾಮ್ಸೆ ಸಹೋದರರು 1990ರಲ್ಲಿ ಇಂಥದೇ ರಕ್ತಪಿಶಾಚಿಯ 'ಬಂದ್ ದರ್ವಾಜಾ' ತೆಗೆದರು.

ಕನ್ನಡದಲ್ಲಿ ಮಾತ್ರ ಅವನು ನೆಲೆಯೂರಲಿಲ್ಲ. ನಾವು ಹೆಣ ಸುಡುವವರು, ಗೋರಿಯಿಂದ ಏಳಲು ಯಾರಿದ್ದಾರೆ ಎನ್ನುವವರುಂಟು. ನಮ್ಮ ಕಲಬುರಗಿ ಜಿಲ್ಲೆಯ ತೆಂಗಳಿ, ಚಿಂಚೋಳಿ ಕಡೆ ಈ ಮಾತು ನಡೆಯದು. ಇಲ್ಲಿ ಲಿಂಗಾಯತರೂ ಮಣ್ಣು ಮಾಡುತ್ತಾರೆ, ಮುಸಲ್ಮಾನರೂ ದಫನ್ ಮಾಡುತ್ತಾರೆ. ನನಗೆ ತೋರುವ ಕಾರಣ ಬೇರೆ. ಡ್ರಾಕುಲನ ಜೊತೆ ಮಾತಿಲ್ಲ ಕಥೆಯಿಲ್ಲ, ಎದೆಗೆ ಗೂಟ ಬಡಿಯಬೇಕು, ಅಷ್ಟೆ. ನಮ್ಮ ದೆವ್ವ ಮೈಮೇಲೆ ಬಂದರೆ ಮೊದಲು ವಿಚಾರಣೆ: "ಯಾರವಾ ನೀ? ಯಾವೂರಾಕಿ? ಏನ್ ಬೇಕು ನಿನಗ?" ಅದು ಹೆಸರು ಹೇಳುತ್ತದೆ, ಸೀರೆ ಕೇಳುತ್ತದೆ, ಹಳೇ ಸಿಟ್ಟು ಎತ್ತಿ ಆಡುತ್ತದೆ. ಗಾಣಗಾಪುರದ ದತ್ತನ ಗುಡಿಯಲ್ಲಿ ಮಧ್ಯಾಹ್ನದ ಆರತಿಗೆ ಕಂಬ ಹಿಡಿದು ಚೀರುವವರನ್ನು ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಸಿನಿಮಾ ಹಿಡಿದದ್ದೂ ಇದೇ ಜಾಡನ್ನು. 1979ರ 'ನಾ ನಿನ್ನ ಬಿಡಲಾರೆ'ಯಲ್ಲಿ ದೆವ್ವ ಹಿಡಿದದ್ದು ಗಂಡಸನ್ನು, ಅನಂತನಾಗ್ ಪಾತ್ರವನ್ನು. ಬಿಡಿಸಲು ರಾಘವೇಂದ್ರ ಸ್ವಾಮಿಗಳೇ ಬೇಕಾಯಿತು. 2004ರ 'ಆಪ್ತಮಿತ್ರ'ದ ಹೊತ್ತಿಗೆ ಆ ಕೆಲಸ ಮನೋವೈದ್ಯನ ಪಾಲಿಗೆ ಬಂದಿತ್ತು, ವಿಷ್ಣುವರ್ಧನ್ ಪಾಲಿಗೆ. ಅದರ ದೆವ್ವ ನಾಗವಲ್ಲಿ ತೆಲುಗಿನವಳು, ಗಡಿಯಂಚಿನ ಸೇಡಂ ಪ್ರೇಕ್ಷಕರಿಗೆ ಅವಳ 'ರಾ ರಾ' ಹಾಡಿಗೆ ಅರ್ಥ ಹೇಳುವವರು ಬೇಕಿರಲಿಲ್ಲ. ಚಿತ್ರ ತೆರೆಕಂಡದ್ದು ಆಗಸ್ಟ್‌ನಲ್ಲಿ. ನಾಗವಲ್ಲಿಯಾಗಿ ಕುಣಿದ ಸೌಂದರ್ಯ ಏಪ್ರಿಲ್‌ನಲ್ಲೇ ವಿಮಾನ ಅಪಘಾತದಲ್ಲಿ ತೀರಿಕೊಂಡಿದ್ದರು. ಸತ್ತವಳ ಪಾತ್ರ, ಅದನ್ನಾಡಿದವರೂ ಇಲ್ಲ. ಆ ದಿನಗಳಲ್ಲಿ ಆ ಕುಣಿತ ನೋಡಿದವರಿಗೆ ಭಯಕ್ಕಿಂತ ಸಂಕಟವೇ ಹೆಚ್ಚಾಗಿತ್ತು.

ಈ ಎರಡು ಚಿತ್ರಗಳ ನಡುವೆ, ತೊಂಬತ್ತರ ದಶಕದಲ್ಲಿ, ದೆವ್ವ ಒಳಗೆ ಬಾರದಿರಲೆಂದು ಬೆಂಗಳೂರಿನವರು ಬಾಗಿಲ ಮೇಲೆ 'ನಾಳೆ ಬಾ' ಎಂದು ಬರೆದರು. ಕನ್ನಡ ಓದಬಲ್ಲ, ಕೊಟ್ಟ ಮಾತನ್ನು ನಂಬುವ ದೆವ್ವ! ಡ್ರಾಕುಲನಿಗೆ ಇಂಥ ಚೀಟಿ ಅಂಟಿಸಿ ನೋಡಿ.

2025ರ 'ಸು ಫ್ರಮ್ ಸೋ' ಚಿತ್ರದಲ್ಲಂತೂ ದೆವ್ವ ಹಿಡಿದಂತೆ ನಟಿಸುವ ಹುಡುಗನನ್ನು ಊರಿಗೆ ಊರೇ ನಂಬುತ್ತದೆ, ಥಿಯೇಟರು ನಗುತ್ತದೆ. ದೆವ್ವದ ಹೆಸರು, ಊರು ಎರಡೂ ಶೀರ್ಷಿಕೆಯಲ್ಲೇ ಇವೆ: ಸುಲೋಚನ, ಸೋಮೇಶ್ವರದವಳು.