ಬಗ್ಗದ ಬೆನ್ನು



ಪಾವಗಡ, ಬಾಗೇಪಲ್ಲಿ, ಮುಂಡರಗಿ ಕಡೆಯ ಹಳ್ಳಿಶಾಲೆಗಳಲ್ಲಿ ಮಕ್ಕಳನ್ನು ನಗಿಸಿ ನೋಡಿ. ಕೆಲವರು ಬಾಯಿಗೆ ಕೈ ಅಡ್ಡ ಹಿಡಿಯುತ್ತಾರೆ. ಹಲ್ಲಿನ ಮೇಲೆ ಹಳದಿ, ಕಂದು ಪಟ್ಟೆ. ‘ಹಲ್ಲುಜ್ಜಲ್ವೇನೋ?’ ಎಂದು ಗದರಿದರೆ ಮಗು ಏನು ಹೇಳೀತು? ಉಜ್ಜಿದರೆ ಹೋಗುವ ಕಲೆಯಲ್ಲ ಅದು. ಒಸಡಿನೊಳಗೆ ಹಲ್ಲು ರೂಪುಗೊಳ್ಳುವ ಎಳವೆಯಲ್ಲೇ ನೀರಿನ ಫ್ಲೋರೈಡ್ ಅದರಲ್ಲಿ ಸೇರಿರುತ್ತದೆ.

ಹಲ್ಲನ್ನಷ್ಟೇ ಅಲ್ಲ, ಮೂಳೆಯನ್ನೂ ಹಿಡಿಯುವ ಈ ಫ್ಲೋರೈಡ್ ರೋಗದ ಹೆಸರು ಫ್ಲೋರೋಸಿಸ್. ನೆಲ್ಲೂರು ಜಿಲ್ಲೆಯಲ್ಲಿ ಅದು 1937ರಲ್ಲೇ ವೈದ್ಯರ ಬರಹದಲ್ಲಿ ದಾಖಲಾಗಿತ್ತು. ಇಷ್ಟು ಹಳೆಯ ರೋಗ ಯಾಕೆ ಸುದ್ದಿಯಾಗುವುದಿಲ್ಲ? ಅದು ಸೋಂಕಲ್ಲ, ದಿಢೀರನೆ ಕೊಲ್ಲುವುದೂ ಇಲ್ಲ. ಊರಿಗೂರೇ ಹಾಗಿದ್ದಾಗ ರೋಗಿ ಅಂತ ಯಾರನ್ನು ಕರೆಯೋಣ? ನಲವತ್ತಕ್ಕೇ ಮಂಡಿ ಹಿಡಿದುಕೊಂಡವರು ‘ವಯಸ್ಸಾಯ್ತು’ ಅಂದುಕೊಂಡು ನೋವಿನ ಮಾತ್ರೆ ನುಂಗುತ್ತಾರೆ. ವೈದ್ಯರ ಮೊದಲ ಪರೀಕ್ಷೆಗೆ ಯಂತ್ರ ಬೇಡ: ಮಂಡಿ ಮಡಿಸದೆ ಬಗ್ಗಿ ನೆಲದ ನಾಣ್ಯ ಎತ್ತಬೇಕು, ಗದ್ದ ಎದೆಗೆ ತಾಗಿಸಬೇಕು, ಕೈಗಳನ್ನು ತಲೆಯ ಹಿಂದೆ ಒಯ್ಯಬೇಕು. ಆಗದಿದ್ದರೆ ಊರಿನ ನೀರನ್ನೂ ಅನುಮಾನಿಸಬೇಕು.

ನೀರಿಗೆ ಇಷ್ಟು ಫ್ಲೋರೈಡ್ ಬಂದದ್ದು ಹೇಗೆ? ಕೆರೆಗಳಲ್ಲಿ ಹೂಳು ತುಂಬಿತು, ತೆರೆದ ಬಾವಿ ಬತ್ತಿತು, ಬೋರ್‌ವೆಲ್ ಸಾವಿರ ಅಡಿ ದಾಟಿತು. ಆಳದ ಬಂಡೆಯಲ್ಲಿ ಬಹುಕಾಲ ನಿಂತ ನೀರು ಬಂಡೆಯ ಫ್ಲೋರೈಡನ್ನು ಕರಗಿಸಿಕೊಂಡೇ ಮೇಲೆ ಬರುತ್ತದೆ. ನಮ್ಮ ದೇಶದ ಮಾನದಂಡದಂತೆ ಲೀಟರಿಗೆ 1 ಮಿಲಿಗ್ರಾಂ ಮಿತಿ. ಬೇರೆ ನೀರೇ ಇಲ್ಲದಿದ್ದರೆ 1.5.

ಊರೂರಲ್ಲಿ ಶುದ್ಧ ನೀರಿನ ಘಟಕ ಬಂದಿದೆಯಲ್ಲ, ಎನ್ನಬಹುದು. ಬಂದಿದೆ, ಒಳ್ಳೆಯದೇ. ಆದರೆ ನಾಣ್ಯ ಹಾಕಿ ತಂದ ಕ್ಯಾನಿನ ನೀರು ಬಹಳ ಮನೆಗಳಲ್ಲಿ ಕುಡಿಯುವುದಕ್ಕೆ ಮಾತ್ರ. ಮುದ್ದೆಯ ಎಸರು, ಬೇಳೆ ಬೇಯಿಸುವ ನೀರು ನಲ್ಲಿಯದೇ. ಕುದಿಸಿದರೆ ಸರಿಹೋಗುತ್ತದೆ ಎಂಬ ನಂಬಿಕೆ ಬೇರೆ! ಕುದಿಸಿದರೆ ಕ್ರಿಮಿ ಸಾಯುತ್ತವೆ. ಫ್ಲೋರೈಡ್ ಉಳಿಯುತ್ತದೆ, ನೀರು ಆವಿಯಾದಷ್ಟೂ ಗಾಢವಾಗುತ್ತದೆ.

ಸೆಟೆದ ಬೆನ್ನನ್ನು ಮೊದಲಿನಂತೆ ಮಾಡುವ ಔಷಧಿ ಇಲ್ಲ. ಆದ್ದರಿಂದ ಇದು ಆಸ್ಪತ್ರೆಗಿಂತ ಮೊದಲು ಗ್ರಾಮಸಭೆಯ ವಿಷಯ. ಮೂರು ಬೇಡಿಕೆ ಇಡೋಣ. ಅಂಗನವಾಡಿ ಮತ್ತು ಬಿಸಿಯೂಟದ ಅಡುಗೆಗೆ ಮೊದಲು ಶುದ್ಧ ನೀರು ಸಿಗಲಿ. ಕೆರೆಗಳ ಹೂಳೆತ್ತಿ, ರಾಜಕಾಲುವೆಯ ಒತ್ತುವರಿ ತೆರವುಗೊಳಿಸಲಿ. ಪ್ರತಿ ಬೋರ್‌ವೆಲ್‌ನ ಫ್ಲೋರೈಡ್ ಪ್ರಮಾಣವನ್ನು ಪಂಚಾಯಿತಿ ಗೋಡೆಯ ಮೇಲೆ ಎಲ್ಲರಿಗೂ ಕಾಣುವಂತೆ ಬರೆಸಲಿ. ಅಂಕಿ ಕಣ್ಣೆದುರಿಗಿದ್ದರೆ ನಲವತ್ತರ ಮಂಡಿನೋವನ್ನು ಯಾರೂ ವಯಸ್ಸಿನ ತಲೆಗೆ ಕಟ್ಟಲಾರರು.