ಮುಚ್ಚಿದ ಬಾಗಿಲಿನ ಬಂಧುತ್ವ

ರಹಸ್ಯ ಸಂಘವೆಂದೊಡನೆ ಒಳಗೇನು ನಡೆಯುತ್ತದೆಂಬ ಕುತೂಹಲ ನಮಗೆ ಸಹಜ. ಹೊಸ್ತಿಲಾಚೆ ಯಾರನ್ನು ನಿಲ್ಲಿಸಿದರೆಂಬುದು ನನಗೆ ಅದಕ್ಕಿಂತ ಹಿರಿದಾದ ಪ್ರಶ್ನೆಯಾಗಿ ತೋರುತ್ತದೆ. ಫ್ರೀಮೇಸನ್ನರ ಚರಿತ್ರೆಯನ್ನೇ ನೋಡೋಣ.

1717ರಲ್ಲಿ ಲಂಡನ್ನಿನ ನಾಲ್ಕು ಲಾಡ್ಜುಗಳು ಒಂದುಗೂಡಿದವೆಂಬುದು ಆ ಸಂಘದ ಪರಂಪರಾಗತ ಹೇಳಿಕೆ. ಕಲ್ಲುಕುಟಿಗರ ಮೂಲೆಮಟ್ಟ, ಕೈವಾರಗಳು ಅದರ ಲಾಂಛನಗಳು. ಒಳಗೆ ಶ್ರೀಮಂತ ಪ್ರಭುವೂ ಸಾಮಾನ್ಯ ವರ್ತಕನೂ ಸಹೋದರರು. ಮತ, ರಾಜಕೀಯಗಳ ವಾಗ್ವಾದಕ್ಕೆ ಅಲ್ಲಿ ಎಡೆಯಿಲ್ಲ. ಮೇಲುಕೀಳುಗಳಲ್ಲಿ ಮುಳುಗಿದ್ದ ಅಂದಿನ ಸಮಾಜದಲ್ಲಿ ಇದು ಸಣ್ಣ ಸಂಗತಿಯಲ್ಲ. ಆದರೆ 1723ರಲ್ಲಿ ಆಂಡರ್ಸನ್ ರಚಿಸಿದ ನಿಯಮಗ್ರಂಥವು ಸ್ತ್ರೀಯರನ್ನೂ ಜೀತದವರನ್ನೂ ಹೊರಗಿಟ್ಟಿತು. ಸಂಘದ ಗೋಪ್ಯತೆಯನ್ನು ಶಂಕಿಸಿದ ಪೋಪ್ 12ನೆಯ ಕ್ಲೆಮೆಂಟರು 1738ರಲ್ಲಿ ಕ್ಯಾಥೊಲಿಕರಿಗೆ ಅದನ್ನು ನಿಷೇಧಿಸಿದರು.

ಆಂಗ್ಲರೊಡನೆ ಸಂಘವು 18ನೆಯ ಶತಮಾನದಲ್ಲಿಯೇ ಕಲ್ಕತ್ತೆಗೂ ಬಂದಿತು. ಅಲ್ಲಿ ಪ್ರಸನ್ನಕುಮಾರ ದತ್ತರು 1863ರಲ್ಲಿ ಪ್ರವೇಶ ಕೋರಿದರು. ಹಲವು ದೇವರನ್ನು ಪೂಜಿಸುವ ಹಿಂದೂ, ಪರಮಾತ್ಮನೊಬ್ಬನ ಹೆಸರಿನಲ್ಲಿ ಪ್ರತಿಜ್ಞೆ ಕೈಗೊಳ್ಳುವುದೆಂತು ಎಂಬ ಆಕ್ಷೇಪವೆದ್ದಿತು. ವಿಶ್ವಬಂಧುತ್ವವನ್ನು ಸಾರಿದವರ ಬಾಗಿಲು ಅವರಿಗೆ ತೆರೆದುದು 1872ರಲ್ಲಿ! 12 ವರ್ಷಗಳ ತರುವಾಯ ಅದೇ ನಗರದಲ್ಲಿ, ಮುಂದೆ ವಿವೇಕಾನಂದರಾದ ನರೇಂದ್ರನಾಥ ದತ್ತರೂ ಸದಸ್ಯರಾದರು.

ಮೇಸನ್ನರ ಸಂಕೇತಗಳೆಲ್ಲ ಎಂದೋ ಅಚ್ಚಾಗಿ ಬಯಲಾಗಿವೆ. ಆ 9 ವರ್ಷ ಹೊರಗೆ ನಿಂತವರ ತಾಳ್ಮೆಯೇ ನನ್ನ ಮನಸ್ಸಿನಲ್ಲಿ ಉಳಿದಿದೆ. ಸಹೋದರತ್ವವನ್ನು ಒರೆಗೆ ಹಚ್ಚುವ ಕಲ್ಲು ಹೊಸ್ತಿಲಲ್ಲಿರುತ್ತದೆ.